ಗುಲಾಬಿ ಚಡ್ಡಿಯ ಮುಖ್ಯಮಂತ್ರಿ: ಡಾನ್ ಡನ್‌ಸ್ಟನ್ ಯಾರು? ಅಡಿಲೇಡ್ ಅವರನ್ನು ಇನ್ನೂ ಯಾಕೆ ಮರೆತಿಲ್ಲ?

ಅಡಿಲೇಡ್‌ಗೆ ಓದಲು ಹೋಗುವ ನಮ್ಮ ಹುಡುಗರು ಬೇಗ ಕಲಿಯುವ ಒಂದು ಅಭ್ಯಾಸ ಇದೆ. ನೀರಿನ ಬಾಟಲಿ, ತಂಪು ಪಾನೀಯದ ಡಬ್ಬಿ, ಬಿಯರ್ ಬಾಟಲಿ ಖಾಲಿಯಾದರೆ ಕಸಕ್ಕೆ ಎಸೆಯುವುದಿಲ್ಲ. ಒಂದು ಚೀಲದಲ್ಲಿ ಕೂಡಿಡುತ್ತಾರೆ. ಚೀಲ ತುಂಬಿದ ಮೇಲೆ ಡಿಪೊಗೆ ಹೊತ್ತುಕೊಂಡು ಹೋದರೆ ಒಂದೊಂದಕ್ಕೂ 10 ಸೆಂಟ್ ಸಿಗುತ್ತದೆ. ನಮ್ಮ ಲೆಕ್ಕದಲ್ಲಿ ಐದಾರು ರೂಪಾಯಿ. ಇದು ಅಂಗಡಿಯವರ ಕೊಡುಗೆಯಲ್ಲ, ಕಾನೂನು. ಅಡಿಲೇಡ್ ರಾಜಧಾನಿಯಾಗಿರುವ ಸೌತ್ ಆಸ್ಟ್ರೇಲಿಯಾ ರಾಜ್ಯದಲ್ಲಿ 1977ರಿಂದ ನಡೆದುಕೊಂಡು ಬಂದಿದೆ.

ಇತ್ತ ನಮ್ಮಲ್ಲಿ ಲೋಕಸಭಾ ಕ್ಷೇತ್ರಗಳ ಮರುವಿಂಗಡಣೆಯ ಚರ್ಚೆ ಜೋರಾಗಿದೆ. ಯಾವ ರಾಜ್ಯಕ್ಕೆ ಎಷ್ಟು ಸೀಟು, ಯಾರ ವೋಟಿಗೆ ಎಷ್ಟು ಬೆಲೆ ಅನ್ನುವ ಪ್ರಶ್ನೆ ಚಹಾ ಅಂಗಡಿಗೂ ಬಂದಿದೆ.

ಬಾಟಲಿಗೂ ವೋಟಿಗೂ ಏನು ಸಂಬಂಧ? ಇಲ್ಲಿ ನಮಗೆ ಅಷ್ಟಾಗಿ ಗೊತ್ತಿಲ್ಲದ ಒಬ್ಬ ರಾಜಕಾರಣಿಯ ಕಥೆಯಲ್ಲಿ ಇವೆರಡೂ ಒಂದೇ ದಾರದಲ್ಲಿ ಸೇರುತ್ತವೆ. ಅವರು ಡಾನ್ ಡನ್‌ಸ್ಟನ್. ಆಸ್ಟ್ರೇಲಿಯಾದ ಪ್ರಧಾನಿಯಾದವರಲ್ಲ, ಆ ದೇಶದ ಸಂಸತ್ತಿಗೂ ಹೋದವರಲ್ಲ. ಅದೇ ಸೌತ್ ಆಸ್ಟ್ರೇಲಿಯಾ ರಾಜ್ಯದ ಮುಖ್ಯಮಂತ್ರಿ, ಅಷ್ಟೇ. ಆದರೆ ವೋಟಿನ ಲೆಕ್ಕ ಸರಿಯಾಗುವವರೆಗೆ ಅವರ ಕೈಯಲ್ಲಿ ಹೆಚ್ಚೇನೂ ಆಗಲಿಲ್ಲ. ಸರಿಯಾದ ಮೇಲೆ ಆದದ್ದರ ಪಟ್ಟಿ ಉದ್ದವಾಗಿದೆ.

ಆಸ್ಟ್ರೇಲಿಯಾದಲ್ಲಿ ರಾಜ್ಯ ಅಂದರೆ ಏನು?

ಆಸ್ಟ್ರೇಲಿಯಾದಲ್ಲಿ ಆರು ರಾಜ್ಯಗಳಿವೆ. 1901ಕ್ಕೆ ಮುಂಚೆ ಇವು ಆರು ಬೇರೆ ಬೇರೆ ಬ್ರಿಟಿಷ್ ವಸಾಹತುಗಳು. ಬೇರೆ ಮನೆ ಮಾಡಿಕೊಂಡಿದ್ದ ಅಣ್ಣತಮ್ಮಂದಿರು ಒಂದು ದಿನ ಕೂತು, 'ಸೈನ್ಯ, ಕಸ್ಟಮ್ಸ್, ಅಂಚೆ ಇವನ್ನು ಒಟ್ಟಿಗೆ ನೋಡಿಕೊಳ್ಳೋಣ, ಉಳಿದದ್ದು ಅವರವರ ಮನೆಯದು' ಎಂದು ಕರಾರು ಮಾಡಿಕೊಂಡ ಹಾಗೆ ದೇಶ ಹುಟ್ಟಿತು. ಹಾಗಾಗಿ ಅಲ್ಲಿನ ಸಂವಿಧಾನ ಕೇಂದ್ರಕ್ಕೆ ಯಾವ ಅಧಿಕಾರ ಅಂತ ಪಟ್ಟಿ ಮಾಡಿದೆ. ಪಟ್ಟಿಯಲ್ಲಿ ಇಲ್ಲದ್ದು ರಾಜ್ಯಗಳ ಪಾಲು. ನಮ್ಮಲ್ಲಿ ಇದು ಉಲ್ಟಾ: ಯಾವ ಪಟ್ಟಿಯಲ್ಲೂ ಇಲ್ಲದ ವಿಷಯ ಕೇಂದ್ರಕ್ಕೆ ಹೋಗುತ್ತದೆ.

ಇನ್ನೊಂದು ದೊಡ್ಡ ವ್ಯತ್ಯಾಸ ಕ್ರಿಮಿನಲ್ ಕಾನೂನಿನಲ್ಲಿದೆ. ನಮ್ಮಲ್ಲಿ ಬೀದರ್‌ನಲ್ಲಿ ಅಪರಾಧ ಆದದ್ದು ಬನಾರಸಿನಲ್ಲೂ ಬಹುಪಾಲು ಅದೇ ಸೆಕ್ಷನ್ನಿನ ಅಪರಾಧ. ಆಸ್ಟ್ರೇಲಿಯಾದಲ್ಲಿ ಒಂದೊಂದು ರಾಜ್ಯಕ್ಕೂ ಅದರದೇ ಅಪರಾಧ ಕಾನೂನು. ಗಡಿ ದಾಟಿದರೆ ಕಾನೂನೇ ಬದಲಾಗಬಹುದು. ಪೊಲೀಸ್, ಶಾಲೆ, ಆಸ್ಪತ್ರೆ, ಜಮೀನು, ಹೆಂಡದಂಗಡಿಯ ಸಮಯ ಎಲ್ಲವೂ ರಾಜ್ಯದ ಕೈಯಲ್ಲಿ. ಅಂದರೆ ಜನರ ದಿನನಿತ್ಯದ ಬದುಕನ್ನು ಮುಟ್ಟುವುದು ಹೆಚ್ಚಾಗಿ ರಾಜ್ಯ ಸರ್ಕಾರವೇ.

ರಾಜ್ಯ ಸರ್ಕಾರದ ಮುಖ್ಯಸ್ಥರನ್ನು ಪ್ರೀಮಿಯರ್ ಎನ್ನುತ್ತಾರೆ. ನಮ್ಮ ಮುಖ್ಯಮಂತ್ರಿಯ ಸ್ಥಾನ ಅದು. ಮೇಲೆ ಒಬ್ಬ ಗವರ್ನರ್ ಇರುತ್ತಾರೆ, ಬ್ರಿಟಿಷ್ ರಾಜಮನೆತನದ ಪ್ರತಿನಿಧಿಯಾಗಿ. ಸೌತ್ ಆಸ್ಟ್ರೇಲಿಯಾದಲ್ಲಿ ನಮ್ಮ ವಿಧಾನಸಭೆ, ವಿಧಾನ ಪರಿಷತ್ತಿನ ಹಾಗೆ ಎರಡು ಸದನಗಳಿವೆ. ಈ ಮೇಲ್ಮನೆಯನ್ನು ನೆನಪಿನಲ್ಲಿಡಿ, ಮುಂದೆ ಬೇಕಾಗುತ್ತದೆ.

ಫಿಜಿಯಲ್ಲಿ ಹುಟ್ಟಿದ ಹುಡುಗ

ಡನ್‌ಸ್ಟನ್ ಹುಟ್ಟಿದ್ದು ಆಸ್ಟ್ರೇಲಿಯಾದಲ್ಲಲ್ಲ. 1926ರ ಸೆಪ್ಟೆಂಬರ್ 21ರಂದು ಫಿಜಿಯ ಸುವಾ ಪಟ್ಟಣದಲ್ಲಿ. ತಂದೆ ಅಲ್ಲಿ ಒಂದು ವ್ಯಾಪಾರಿ ಕಂಪನಿಯ ಮ್ಯಾನೇಜರ್. ಆಗ ಫಿಜಿ ಬ್ರಿಟಿಷರ ವಸಾಹತು. ಕಬ್ಬಿನ ಗದ್ದೆಗಳಲ್ಲಿ ದುಡಿಯಲು ಭಾರತದಿಂದ ಕರಾರಿನ ಮೇಲೆ ಹೋದ ಗಿರ್ಮಿಟಿಯಾ ಕೂಲಿಗಳ ಮಕ್ಕಳು, ಮೊಮ್ಮಕ್ಕಳು ಅಲ್ಲಿ ತುಂಬಿದ್ದರು. ಮದರಾಸಿನಲ್ಲಿ ಹಡಗು ಹತ್ತಿದ ದಕ್ಷಿಣದವರೂ ಅದರಲ್ಲಿದ್ದರು. ಬಿಳಿಯರು ಮೇಲೆ, ಉಳಿದವರು ಕೆಳಗೆ ಎನ್ನುವ ಏರ್ಪಾಡನ್ನು ಹುಡುಗ ಹತ್ತಿರದಿಂದ ನೋಡಿದ. ಬಣ್ಣ ನೋಡಿ ಮನುಷ್ಯರನ್ನು ಬೇರೆ ಮಾಡುವುದರ ಮೇಲಿನ ತಮ್ಮ ಸಿಟ್ಟಿನ ಬೇರು ಇಲ್ಲೇ ಇದೆ ಎಂದು ಡನ್‌ಸ್ಟನ್ ಮುಂದೆ ಹೇಳಿಕೊಂಡಿದ್ದರು.

ಓದಿದ್ದು ಅಡಿಲೇಡ್‌ನ ಶ್ರೀಮಂತರ ಶಾಲೆಯಲ್ಲಿ, ಆಮೇಲೆ ಅಲ್ಲಿನ ವಿಶ್ವವಿದ್ಯಾಲಯದಲ್ಲಿ ಕಾನೂನು. ಸ್ವಲ್ಪ ಕಾಲ ಫಿಜಿಯಲ್ಲಿ ವಕೀಲಿಕೆ ಮಾಡಿ 1951ರಲ್ಲಿ ಅಡಿಲೇಡ್‌ಗೆ ಮರಳಿದರು. 1953ರಲ್ಲಿ ಲೇಬರ್ ಪಕ್ಷದಿಂದ ನಾರ್ವುಡ್ ಕ್ಷೇತ್ರಕ್ಕೆ ನಿಂತು ಗೆದ್ದರು. ಆಗ 26 ವರ್ಷ. ನಾರ್ವುಡ್‌ನಲ್ಲಿ ಇಟಲಿಯಿಂದ ಬಂದು ನೆಲೆಸಿದವರು ಜಾಸ್ತಿ. ಬೇರೆಯವರು ಮೂಗು ಮುರಿಯುತ್ತಿದ್ದ ಆ ಜನರ ಮನೆಬಾಗಿಲಿಗೆ ಡನ್‌ಸ್ಟನ್ ಹೋದರು. ಮುಂದೆ ಇಟಲಿ, ಆ ಭಾಷೆ, ಅಲ್ಲಿಯ ಅಡುಗೆ ಅವರ ಬದುಕಿಗೇ ಅಂಟಿಕೊಂಡವು.

ಒಂದು ವೋಟಿಗೆ ಎಷ್ಟು ತೂಕ?

ಗೆದ್ದು ಒಳಗೆ ಹೋದವರಿಗೆ ಕಂಡದ್ದು ಒಂದು ಗೋಡೆ. ಆಗಿನ ಪ್ರೀಮಿಯರ್ ಥಾಮಸ್ ಪ್ಲೇಫರ್ಡ್. ಲಿಬರಲ್ ಅಂಡ್ ಕಂಟ್ರಿ ಲೀಗ್ ಎನ್ನುವ ಪಕ್ಷದವರು. 1938ರಿಂದ 1965ರವರೆಗೆ, 26 ವರ್ಷಕ್ಕೂ ಮೇಲೆ ಕುರ್ಚಿಯಲ್ಲಿ ಕೂತವರು. ಕೆಲಸಗಾರರೇ, ಸಂಶಯವಿಲ್ಲ: ರಾಜ್ಯಕ್ಕೆ ಕಾರ್ಖಾನೆಗಳನ್ನು ತಂದವರು. ಆದರೆ ಇಷ್ಟು ವರ್ಷ ಗೆಲ್ಲುತ್ತಾ ಹೋಗಲು ಕೆಲಸ ಒಂದೇ ಕಾರಣವಲ್ಲ. ಕ್ಷೇತ್ರಗಳ ಲೆಕ್ಕ ಅವರ ಪರವಾಗಿತ್ತು.

ಅದು ಹೀಗೆ. 1936ರಲ್ಲಿ, ಪ್ಲೇಫರ್ಡ್ ಪ್ರೀಮಿಯರ್ ಆಗುವ ಮುಂಚೆಯೇ, ಒಂದು ಕಾನೂನು ಬಂತು. ಕೆಳಮನೆಯಲ್ಲಿ 39 ಸೀಟು. ಅದರಲ್ಲಿ 26 ಹಳ್ಳಿ ಕಡೆಗೆ, 13 ಮಾತ್ರ ಅಡಿಲೇಡ್ ನಗರಕ್ಕೆ. ಕಾಲ ಸರಿದ ಹಾಗೆ ಜನ ನಗರಕ್ಕೆ ಬಂದರು, ಬಡಾವಣೆಗಳು ಬೆಳೆದವು. 1960ರ ದಶಕದ ಹೊತ್ತಿಗೆ ರಾಜ್ಯದ ಸುಮಾರು ಮೂರನೇ ಎರಡು ಪಾಲು ಜನ ಅಡಿಲೇಡ್‌ನಲ್ಲೇ ಇದ್ದರು. ಸೀಟು ಮಾತ್ರ ಮೂರನೇ ಒಂದು ಪಾಲು.

ಊರ ಜಾತ್ರೆಯ ಅಡುಗೆ ನೆನಪಿಸಿಕೊಳ್ಳಿ. ಎರಡು ಚಪ್ಪರ. ಒಂದರಲ್ಲಿ 100 ಜನ, ಇನ್ನೊಂದರಲ್ಲಿ 50. ಬಡಿಸುವವರು ಮಾತ್ರ 50 ಜನರ ಚಪ್ಪರಕ್ಕೆ ಎರಡು ಕೊಪ್ಪರಿಗೆ, 100 ಜನರ ಚಪ್ಪರಕ್ಕೆ ಒಂದು ಕೊಪ್ಪರಿಗೆ ಕಳಿಸುತ್ತಾರೆ. ಎಲ್ಲರ ಮುಂದೆಯೂ ಎಲೆ ಇದೆ. ಊಟ ಒಂದೇ ಅಲ್ಲ.

1968ರ ಚುನಾವಣೆಯ ಒಂದು ಲೆಕ್ಕ ಸಾಕು. ಹಳ್ಳಿ ಕಡೆಯ ಫ್ರೋಮ್ ಕ್ಷೇತ್ರದಲ್ಲಿ ಬಿದ್ದ ಸಿಂಧು ಮತ ಸುಮಾರು 4,500. ನಗರದ ಎನ್‌ಫೀಲ್ಡ್ ಕ್ಷೇತ್ರದಲ್ಲಿ ಸುಮಾರು 42,000. ಎರಡರಿಂದಲೂ ಒಬ್ಬೊಬ್ಬರೇ ಶಾಸಕರು. ಫ್ರೋಮ್‌ನವರ ಒಂದು ವೋಟಿನ ತೂಕ ಎನ್‌ಫೀಲ್ಡ್‌ನವರ ಒಂಬತ್ತು ವೋಟಿನಷ್ಟು.

ಲೇಬರ್ ಪಕ್ಷದ ಬಲ ಇದ್ದದ್ದು ನಗರದಲ್ಲಿ. ಅಲ್ಲಿ ಎಷ್ಟು ದೊಡ್ಡ ಅಂತರದಿಂದ ಗೆದ್ದರೂ ಸೀಟು ಹೆಚ್ಚಾಗುವುದಿಲ್ಲ. ಈ ಏರ್ಪಾಡಿಗೆ ಆಮೇಲೆ 'ಪ್ಲೇಮ್ಯಾಂಡರ್' ಎನ್ನುವ ಅಡ್ಡಹೆಸರು ಬಿತ್ತು. ಪ್ಲೇಫರ್ಡ್ ಹೆಸರಿಗೆ 'ಜೆರಿಮ್ಯಾಂಡರ್' ಎನ್ನುವ ಪದ ಸೇರಿಸಿದ್ದು. ಸರಿಯಾಗಿ ಹೇಳಬೇಕೆಂದರೆ ಜೆರಿಮ್ಯಾಂಡರ್ ಅಂದರೆ ಗಡಿ ಗೆರೆಯನ್ನು ಬೇಕಾದ ಹಾಗೆ ಸೊಟ್ಟಗೆ ಎಳೆಯುವುದು. ಇಲ್ಲಿ ನಡೆದದ್ದು ಬೇರೆ: ಕ್ಷೇತ್ರಗಳ ಗಾತ್ರವೇ ಸಮ ಇರಲಿಲ್ಲ. ಅಡ್ಡಹೆಸರು ನಾಲಿಗೆಗೆ ಚೆನ್ನಾಗಿ ಕೂತಿತು, ಉಳಿದುಕೊಂಡಿತು.

ಮೇಲ್ಮನೆ ಇನ್ನೂ ಬಿಗಿ. ಅದಕ್ಕೆ ಮತ ಹಾಕುವ ಹಕ್ಕು ಎಲ್ಲರಿಗೂ ಇರಲಿಲ್ಲ, ಮುಖ್ಯವಾಗಿ ಆಸ್ತಿಯ ಲೆಕ್ಕದ ಮೇಲೆ ಸಿಗುತ್ತಿತ್ತು. 1960ರ ದಶಕದ ಕೊನೆಯಲ್ಲಿ ಅಲ್ಲಿದ್ದ 20 ಸದಸ್ಯರಲ್ಲಿ ಲೇಬರ್‌ನವರು ನಾಲ್ಕೇ ಜನ.

ಇಲ್ಲಿ ಒಂದು ಸಣ್ಣ ವಿಷಯ ಹೇಳದೆ ಇರಲಾರೆ. ಸದನದಲ್ಲಿ ಡನ್‌ಸ್ಟನ್ ಮತ್ತು ಪ್ಲೇಫರ್ಡ್ ಹಾವು ಮುಂಗುಸಿ. ಆದರೆ ಪ್ಲೇಫರ್ಡ್ ಮನೆ ಬೆಟ್ಟದ ಮೇಲೆ, ಡನ್‌ಸ್ಟನ್ ಮನೆ ಅದೇ ದಾರಿಯಲ್ಲಿ. ರಾತ್ರಿ ಕಲಾಪ ಮುಗಿದ ಮೇಲೆ ಪ್ರೀಮಿಯರ್ ತಮ್ಮ ಕಾರಿನಲ್ಲಿ ಈ ವಿರೋಧ ಪಕ್ಷದ ಹುಡುಗನನ್ನು ಕೂರಿಸಿಕೊಂಡು ಮನೆ ಹತ್ತಿರ ಬಿಟ್ಟು ಹೋಗುತ್ತಿದ್ದದ್ದುಂಟು.

ಜಾಸ್ತಿ ವೋಟು, ಆದರೂ ಸೋಲು

1965ರಲ್ಲಿ ಲೇಬರ್ ಕೊನೆಗೂ 39ರಲ್ಲಿ 21 ಸೀಟು ಗೆದ್ದಿತು. ಫ್ರಾಂಕ್ ವಾಲ್ಶ್ ಪ್ರೀಮಿಯರ್ ಆದರು. ಡನ್‌ಸ್ಟನ್ ಅಟಾರ್ನಿ ಜನರಲ್, ಅಂದರೆ ಕಾನೂನು ಮಂತ್ರಿ. ಜೊತೆಗೆ ಮೂಲನಿವಾಸಿಗಳ ಖಾತೆಯೂ ಅವರದೇ. ಅದೇ ವರ್ಷ ರೋಮಾ ಮಿಚೆಲ್ ಅವರನ್ನು ರಾಜ್ಯದ ಸುಪ್ರೀಂ ಕೋರ್ಟ್ ನ್ಯಾಯಾಧೀಶರನ್ನಾಗಿ ಮಾಡಿದರು. ಆಸ್ಟ್ರೇಲಿಯಾದಲ್ಲಿ ಅಂಥ ಸ್ಥಾನಕ್ಕೆ ಬಂದ ಮೊದಲ ಹೆಂಗಸು ಅವರು. 1966ರಲ್ಲಿ ಬಣ್ಣ, ಜನಾಂಗ ನೋಡಿ ಹೋಟೆಲು, ಅಂಗಡಿಗಳಲ್ಲಿ ಜನರನ್ನು ಹೊರಗಿಡುವುದು ಅಪರಾಧ ಎನ್ನುವ ಕಾನೂನು ಬಂತು. ಇದೂ ದೇಶಕ್ಕೇ ಮೊದಲು.

ಹೆಂಡದಂಗಡಿಯ ಕಥೆ ಸ್ವಲ್ಪ ತಮಾಷೆಯದು. 1916ರಿಂದ ಅಲ್ಲಿ ಬಾರ್‌ಗಳು ಸಂಜೆ 6ಕ್ಕೆ ಮುಚ್ಚಬೇಕಿತ್ತು. ಕುಡಿತ ಕಡಿಮೆಯಾಗಲಿ ಎನ್ನುವುದು ಉದ್ದೇಶ. ಆದದ್ದೇನು? 5ಕ್ಕೆ ಕೆಲಸ ಬಿಟ್ಟ ಗಂಡಸರು ಓಡಿ ಬಂದು, ಇದ್ದ ಒಂದು ಗಂಟೆಯಲ್ಲಿ ಆದಷ್ಟು ಗಟಗಟ ಕುಡಿದು ತೂರಾಡುತ್ತಾ ಮನೆಗೆ ಹೋಗುತ್ತಿದ್ದರು. 1967ರಲ್ಲಿ, ಬೇರೆಲ್ಲ ರಾಜ್ಯಗಳು ಬಿಟ್ಟ ಮೇಲೆ, ಸೌತ್ ಆಸ್ಟ್ರೇಲಿಯಾ ಈ ಪದ್ಧತಿ ಕೈಬಿಟ್ಟಿತು. ಅಷ್ಟರಲ್ಲಿ ವಾಲ್ಶ್ ಕೆಳಗಿಳಿದು, ಜೂನ್ ತಿಂಗಳಲ್ಲಿ ಡನ್‌ಸ್ಟನ್ ಪ್ರೀಮಿಯರ್ ಆಗಿದ್ದರು. ವಯಸ್ಸು 40.

ಮರುವರ್ಷವೇ ಚುನಾವಣೆ. ಲೇಬರ್‌ಗೆ ಬಂದ ಮೊದಲ ಆಯ್ಕೆಯ ಮತ ಸುಮಾರು ಶೇ. 52. ಎದುರು ಪಕ್ಷಕ್ಕೆ ಶೇ. 44ರ ಹತ್ತಿರ. ('ಮೊದಲ ಆಯ್ಕೆ' ಯಾಕೆಂದರೆ, ಅಲ್ಲಿ ಮತದಾರರು ಒಬ್ಬರಿಗೆ ಮಾತ್ರ ಒತ್ತುವುದಿಲ್ಲ, ಅಭ್ಯರ್ಥಿಗಳಿಗೆ 1, 2, 3 ಅಂತ ಅಂಕಿ ಕೊಡುತ್ತಾರೆ.) ಸೀಟು ಮಾತ್ರ 19-19. ಉಳಿದ ಒಬ್ಬ ಪಕ್ಷೇತರ ಟಾಮ್ ಸ್ಟಾಟ್ ಎದುರು ಪಕ್ಷದ ಕಡೆ ವಾಲಿದರು. ಅರ್ಧಕ್ಕಿಂತ ಹೆಚ್ಚು ಜನ ಆರಿಸಿದ ಪಕ್ಷ ಹೊರಗೆ ಬಂತು. ಸ್ಟೀಲ್ ಹಾಲ್ ಪ್ರೀಮಿಯರ್ ಆದರು.

ಅಡಿಲೇಡ್‌ನಲ್ಲಿ ಸಾವಿರಾರು ಜನ ಬೀದಿಗೆ ಬಂದರು. ಆಗ ನಡೆದದ್ದು ನನಗೆ ಈ ಇಡೀ ಕಥೆಯಲ್ಲಿ ಅತಿ ವಿಚಿತ್ರ ಅನ್ನಿಸುವ ಭಾಗ. ಹಳೆಯ ಲೆಕ್ಕದ ಲಾಭದಿಂದಲೇ ಗೆದ್ದ ಸ್ಟೀಲ್ ಹಾಲ್ ಆ ಲೆಕ್ಕವನ್ನು ತಾವೇ ಬದಲಾಯಿಸಿದರು. ಹೀಗೆ ಗೆಲ್ಲುವುದು ಅವರಿಗೇ ಮುಜುಗರ ತಂದಿತ್ತು. ಕೆಳಮನೆಯನ್ನು 47 ಸೀಟಿಗೆ ಏರಿಸಿದರು: 28 ನಗರಕ್ಕೆ, 19 ಹಳ್ಳಿ ಕಡೆಗೆ. ಪೂರ್ತಿ ಸಮ ಅಲ್ಲದಿದ್ದರೂ ಹಳೆಯದಕ್ಕಿಂತ ಎಷ್ಟೋ ವಾಸಿ. ತಮ್ಮ ಪಕ್ಷ ಮುಂದಿನ ಸಲ ಸೋಲಬಹುದು ಎಂದು ಅವರಿಗೆ ಗೊತ್ತಿಲ್ಲದೆ ಇರಲಿಲ್ಲ.

ಸೋಲು ಬೇಗನೇ ಬಂತು, ಅದೂ ನೀರಿನ ಜಗಳದಿಂದ. ಮರ್ರೆ ನದಿಯ ನೀರಿಗೆ ಅಣೆಕಟ್ಟು ಎಲ್ಲಿ ಕಟ್ಟಬೇಕು? ಸೌತ್ ಆಸ್ಟ್ರೇಲಿಯಾದ ಚೋವಿಲ್ಲಾದಲ್ಲೋ, ಪಕ್ಕದ ವಿಕ್ಟೋರಿಯಾದ ಡಾರ್ಟ್‌ಮತ್‌ನಲ್ಲೋ? ಹಾಲ್ ಡಾರ್ಟ್‌ಮತ್ ಎಂದರು. ಸ್ಟಾಟ್ ಬೆಂಬಲ ಹಿಂತೆಗೆದರು, ಸರ್ಕಾರ ಬಿತ್ತು. ನದಿ ನೀರು ಸರ್ಕಾರ ಅಲ್ಲಾಡಿಸುವುದು ನಮಗೇನೂ ಹೊಸದಲ್ಲ, ಅಲ್ವಾ? 1970ರ ಚುನಾವಣೆಯಲ್ಲಿ ಲೇಬರ್ 47ರಲ್ಲಿ 27 ಗೆದ್ದಿತು. ಡನ್‌ಸ್ಟನ್ ಮತ್ತೆ ಬಂದರು, 1979ರವರೆಗೆ ಇದ್ದರು.

ಬಂದವರು ಉಳಿದ ಗೋಡೆಯನ್ನೂ ಕೆಡವಿದರು. 1973ರಲ್ಲಿ ಮೇಲ್ಮನೆಯ ಮತದಾನಕ್ಕೆ ಆಸ್ತಿಯ ಷರತ್ತು ಹೋಯಿತು. 1975ರಲ್ಲಿ ಕ್ಷೇತ್ರದ ಗಡಿ ಗುರುತಿಸುವ ಕೆಲಸ ರಾಜಕಾರಣಿಗಳ ಕೈಬಿಟ್ಟು ಸ್ವತಂತ್ರ ಆಯೋಗಕ್ಕೆ ಹೋಯಿತು. ಎಲ್ಲ ಕ್ಷೇತ್ರದಲ್ಲೂ ಹೆಚ್ಚುಕಡಿಮೆ ಒಂದೇ ಸಂಖ್ಯೆಯ ಮತದಾರರು ಇರಬೇಕು ಎನ್ನುವುದು ನಿಯಮವಾಯಿತು.

ಅಧಿಕಾರ ಸಿಕ್ಕ ಮೇಲೆ ಏನು ಮಾಡಿದರು?

ಈಗ ಬಾಟಲಿಗೆ ಬರೋಣ. 1975ರಲ್ಲಿ ಪಾನೀಯ ಬಾಟಲಿ, ಡಬ್ಬಿಗಳ ಮೇಲೆ ಠೇವಣಿ ಇಡುವ ಕಾನೂನು ಆಯಿತು. 1977ರಲ್ಲಿ ಜಾರಿಗೆ ಬಂತು. ಹಿಂದೆ ನಮ್ಮ ಕಿರಾಣಿ ಅಂಗಡಿಗಳಲ್ಲಿ ಗೋಲಿ ಸೋಡಾ ಕುಡಿದರೆ ಬಾಟಲಿ ಅಲ್ಲೇ ಬಿಟ್ಟು ಬರಬೇಕಿತ್ತು. ಮನೆಗೆ ಒಯ್ಯುವುದಾದರೆ ಮೇಲೊಂದಿಷ್ಟು ದುಡ್ಡು ಇಟ್ಟು ಹೋಗಬೇಕು. ಅದೇ ತತ್ವ ಇದು. ಕೊಳ್ಳುವಾಗ ಬೆಲೆಯ ಜೊತೆ ಠೇವಣಿ ಕೊಡುತ್ತೀರಿ, ಖಾಲಿ ಬಾಟಲಿ ಹಿಂತಿರುಗಿಸಿದರೆ ವಾಪಸ್ ಬರುತ್ತದೆ. ನೀವು ಎಸೆದರೂ ಇನ್ಯಾರೋ ಆರಿಸಿಕೊಂಡು ಹೋಗಿ ಆ ದುಡ್ಡು ತೆಗೆದುಕೊಳ್ಳುತ್ತಾರೆ. ಹಾಗಾಗಿ ರಸ್ತೆ ಬದಿಯಲ್ಲಿ ಬಾಟಲಿ ಉಳಿಯುವುದು ಕಷ್ಟ. 2008ರಲ್ಲಿ 5 ಸೆಂಟ್ ಇದ್ದದ್ದು 10 ಆಯಿತು. ಬೇರೆ ರಾಜ್ಯಗಳು ಇದನ್ನು ಮಾಡಲು ದಶಕಗಳೇ ಹಿಡಿದವು: ನ್ಯೂ ಸೌತ್ ವೇಲ್ಸ್ 2017ರಲ್ಲಿ, ವಿಕ್ಟೋರಿಯಾ 2023ರಲ್ಲಿ, ಟಾಸ್ಮೇನಿಯಾ 2025ರಲ್ಲಿ.

ರಾಜ್ಯದ ಅಧಿಕಾರಕ್ಕೂ ಒಂದು ಬೇಲಿ ಇದೆ ಅನ್ನುವುದನ್ನು ಈ ಬಾಟಲಿಯೇ ತೋರಿಸಿತು. ಡನ್‌ಸ್ಟನ್ ಹೋದ ಎಷ್ಟೋ ವರ್ಷದ ಮೇಲೆ ಮುಂದಿನ ಸರ್ಕಾರವೊಂದು, ಮತ್ತೆ ತುಂಬಲು ಬಾರದ ಬಿಯರ್ ಬಾಟಲಿಗೆ 15 ಸೆಂಟ್, ಮತ್ತೆ ತುಂಬುವ ಬಾಟಲಿಗೆ ಬರೀ 4 ಸೆಂಟ್ ಎಂದು ನಿಗದಿ ಮಾಡಿತು. ಪೆಟ್ಟು ಬಿದ್ದದ್ದು ಹೊರ ರಾಜ್ಯದ ಬಿಯರ್ ಕಂಪನಿಗಳಿಗೆ. 1990ರಲ್ಲಿ ದೇಶದ ಹೈಕೋರ್ಟ್ ಇದನ್ನು ತಳ್ಳಿಹಾಕಿತು. (ಅಲ್ಲಿ ಹೈಕೋರ್ಟ್ ಅಂದರೆ ನಮ್ಮ ಸುಪ್ರೀಂ ಕೋರ್ಟ್. ಹೆಸರು ಅದಲು ಬದಲು.) ರಾಜ್ಯ ಕಾನೂನು ಮಾಡಬಹುದು, ಆದರೆ ಹೊರಗಿನವರ ವ್ಯಾಪಾರಕ್ಕೆ ಅಡ್ಡಗಾಲು ಹಾಕುವ ಹಾಗಿಲ್ಲ ಎನ್ನುವುದು ತೀರ್ಪಿನ ಸಾರ.

ಇನ್ನೊಂದು ಬದಲಾವಣೆ ಒಂದು ಸಾವಿನಿಂದ ಶುರುವಾಯಿತು. 1972ರ ಮೇ 10ರ ರಾತ್ರಿ ಅಡಿಲೇಡ್ ನಡುವೆ ಹರಿಯುವ ಟಾರೆನ್ಸ್ ನದಿಗೆ ಕೆಲವರು ಜಾರ್ಜ್ ಡಂಕನ್ ಎನ್ನುವ ಕಾನೂನು ಉಪನ್ಯಾಸಕರನ್ನು ತಳ್ಳಿದರು. ಅವರು ಮುಳುಗಿ ಸತ್ತರು. ಸಲಿಂಗಿಗಳು ಸೇರುತ್ತಿದ್ದ ಜಾಗ ಅದು. ಪೊಲೀಸರ ಮೇಲೆಯೇ ಅನುಮಾನ ಬಂತು, ಯಾರಿಗೂ ಶಿಕ್ಷೆ ಆಗಲಿಲ್ಲ. ಆಗ ಗಂಡಸರ ನಡುವಿನ ಸಂಬಂಧ ಎಲ್ಲ ರಾಜ್ಯಗಳಲ್ಲೂ ಅಪರಾಧ. ಕಾನೂನು ಬದಲಾಯಿಸುವ ಮೊದಲ ಮಸೂದೆಯನ್ನು ತಂದವರು ಲೇಬರ್‌ನವರಲ್ಲ, ಎದುರು ಪಕ್ಷದ ಮುರ್ರೆ ಹಿಲ್. ಅದು ಅರ್ಧಂಬರ್ಧ ಪಾಸಾಯಿತು. 1975ರಲ್ಲಿ ಡನ್‌ಸ್ಟನ್ ಸರ್ಕಾರದ ಕಾಲದಲ್ಲಿ ಪೂರ್ತಿ ತೆಗೆದುಹಾಕಲಾಯಿತು. ರಾಜ್ಯಕ್ಕೊಂದು ಅಪರಾಧ ಕಾನೂನು ಅಂದರೆ ಏನು ಅನ್ನುವುದು ಇಲ್ಲಿ ಚೆನ್ನಾಗಿ ತಿಳಿಯುತ್ತದೆ: ಅದೇ ವಿಷಯ ಸಿಡ್ನಿಯಲ್ಲಿ 1984ರವರೆಗೆ, ಟಾಸ್ಮೇನಿಯಾದಲ್ಲಿ 1997ರವರೆಗೆ ಅಪರಾಧವಾಗಿಯೇ ಇತ್ತು. ನಮ್ಮಲ್ಲಿ ದೇಶದ ಬಹುಪಾಲಿಗೆ ಒಂದೇ ಕಾನೂನು ಇದ್ದದ್ದರಿಂದ 2018ರಲ್ಲಿ ಒಂದೇ ತೀರ್ಪಿನಲ್ಲಿ ಮುಗಿಯಿತು.

ಉಳಿದದ್ದನ್ನು ಬೇಗ ಹೇಳಿಬಿಡುತ್ತೇನೆ. ಹೆಂಗಸು ಅನ್ನುವ ಕಾರಣಕ್ಕೆ ಕೆಲಸ ನಿರಾಕರಿಸಬಾರದು ಎನ್ನುವ ಕಾನೂನು 1975ರಲ್ಲಿ. ಮರಣದಂಡನೆ ರದ್ದಾದದ್ದು 1976ರಲ್ಲಿ. ಅದೇ ವರ್ಷ ಮೂಲನಿವಾಸಿ ಸಮುದಾಯದ ಡಗ್ಲಸ್ ನಿಕೋಲ್ಸ್ ಗವರ್ನರ್ ಆದರು, ಆ ಸಮುದಾಯದಿಂದ ಆಸ್ಟ್ರೇಲಿಯಾದ ಯಾವುದೇ ರಾಜ್ಯದಲ್ಲಿ ಅದು ಮೊದಲು. ಅಡಿಲೇಡ್‌ನ ಮುಖ್ಯ ಅಂಗಡಿ ಬೀದಿ ರಂಡಲ್ ಸ್ಟ್ರೀಟ್‌ನ ಒಂದು ಭಾಗಕ್ಕೆ ಕಾರು ಬರದಂತೆ ಮಾಡಿ, ಜನ ನಡೆದಾಡುವ ರಂಡಲ್ ಮಾಲ್ ಮಾಡಿದರು. ನಾಟಕ, ಸಂಗೀತಕ್ಕೆ ಫೆಸ್ಟಿವಲ್ ಸೆಂಟರ್ 1973ರ ಜೂನ್‌ನಲ್ಲಿ ಶುರುವಾಯಿತು. ಸಿಡ್ನಿಯ ಆ ಪ್ರಸಿದ್ಧ ಒಪೆರಾ ಹೌಸ್‌ಗಿಂತ ಕೆಲವೇ ತಿಂಗಳು ಮುಂಚೆ. ಅಡಿಲೇಡ್‌ನವರು ಇದನ್ನು ಹೇಳಿಕೊಳ್ಳದೆ ಬಿಡುವುದಿಲ್ಲ.

ಚಡ್ಡಿ ಮತ್ತು ಬಾರದ ಅಲೆ

1972ರ ನವೆಂಬರ್‌ನಲ್ಲಿ ಒಂದು ದಿನ ಡನ್‌ಸ್ಟನ್ ರಾಜ್ಯದ ಸಂಸತ್ ಭವನಕ್ಕೆ ಗುಲಾಬಿ ಬಣ್ಣದ ತುಂಡು ಚಡ್ಡಿ, ಬಿಳಿ ಟೀ ಶರ್ಟ್, ಮೊಣಕಾಲಿನ ತನಕ ಬಿಳಿ ಕಾಲುಚೀಲ ಹಾಕಿಕೊಂಡು ಬಂದರು. ಬೇಸಿಗೆಯಲ್ಲಿ ಕೋಟು, ಟೈ ಕಟ್ಟಿಕೊಂಡು ಬೇಯುವುದು ಯಾಕೆ ಎನ್ನುವುದು ಅವರ ವಾದ. (ಅಲ್ಲಿ ನವೆಂಬರ್‌ನಿಂದ ಸೆಕೆ ಶುರು.) ಫೋಟೊ ದೇಶದ ತುಂಬಾ ಓಡಾಡಿತು. ಅವರ ಕಾನೂನುಗಳ ಹೆಸರು ಗೊತ್ತಿಲ್ಲದವರಿಗೂ ಈ ಚಡ್ಡಿ ಗೊತ್ತು.

ಇನ್ನೊಂದು ಪ್ರಸಂಗ ನಮ್ಮ ಟಿವಿ ಜ್ಯೋತಿಷಿಗಳನ್ನು ನೆನಪಿಸುತ್ತದೆ. 1976ರ ಜನವರಿ 19ರಂದು ಮಧ್ಯಾಹ್ನ ಭೂಕಂಪವಾಗಿ, ದೊಡ್ಡ ಅಲೆ ಬಂದು ಅಡಿಲೇಡ್ ಕೊಚ್ಚಿಹೋಗುತ್ತದೆ ಎಂದು ಮನೆಗೆ ಬಣ್ಣ ಹೊಡೆಯುವ ಒಬ್ಬರು ಭವಿಷ್ಯ ಹೇಳಿದರು. ಸುಮ್ನೆ ನಕ್ಕು ಬಿಡುವ ಬದಲು ಕೆಲವರು ನಿಜವಾಗಿ ಹೆದರಿ ಊರು ಬಿಟ್ಟರು. ಡನ್‌ಸ್ಟನ್ ಏನು ಮಾಡಿದರು? ಆ ಹೊತ್ತಿಗೆ ಸರಿಯಾಗಿ ಗ್ಲೆನೆಲ್ಗ್ ಕಡಲತೀರಕ್ಕೆ ಹೋಗಿ ಜನರ ಜೊತೆ ನಿಂತುಕೊಂಡರು. ಅಲೆ ಬರಲಿಲ್ಲ.

ಎಡವಿದ್ದೆಲ್ಲಿ?

ಎಲ್ಲವೂ ನೆಟ್ಟಗಾಗಲಿಲ್ಲ. ಅಡಿಲೇಡ್‌ನ ಪೂರ್ವಕ್ಕೆ ಮೊನಾರ್ಟೊ ಎನ್ನುವ ಕಡೆ ಹೊಸ ನಗರ ಕಟ್ಟುವ ಯೋಜನೆ ಹಾಕಿದರು. ಜಮೀನು ಕೊಂಡರು, ಗಿಡ ನೆಟ್ಟರು. ಜನಸಂಖ್ಯೆ ಎಣಿಸಿದಷ್ಟು ಬೆಳೆಯಲಿಲ್ಲ, ಕೇಂದ್ರದಿಂದ ಹಣ ಬರಲಿಲ್ಲ. ನಗರ ಏಳಲೇ ಇಲ್ಲ. ಇವತ್ತು ಅಲ್ಲಿ ಹೋದರೆ ಜಿರಾಫೆ, ಸಿಂಹ ನೋಡಬಹುದು. ಆ ಕಡೆಯ ಜಮೀನಿನಲ್ಲಿ ಈಗ ದೊಡ್ಡ ಸಫಾರಿ ಪಾರ್ಕ್ ಇದೆ.

ದೊಡ್ಡ ಗಲಾಟೆ ಆದದ್ದು ಪೊಲೀಸ್ ಕಮಿಷನರ್ ಹೆರಾಲ್ಡ್ ಸಾಲಿಸ್‌ಬರಿ ವಿಷಯದಲ್ಲಿ. ರಾಜ್ಯ ಪೊಲೀಸರ ಒಂದು ಗುಪ್ತ ವಿಭಾಗ ರಾಜಕಾರಣಿಗಳು, ಕಾರ್ಮಿಕ ಸಂಘದವರು, ಶಾಂತಿ ಚಳವಳಿಯವರು ಹೀಗೆ ಎಷ್ಟೋ ಜನರ ಮೇಲೆ ರಹಸ್ಯ ಕಡತ ಇಟ್ಟಿತ್ತು. ಸರ್ಕಾರ ಕೇಳಿದಾಗ ಕಮಿಷನರ್ ಪೂರ್ತಿ ನಿಜ ಹೇಳಲಿಲ್ಲ ಎಂದು ತನಿಖೆಯಲ್ಲಿ ತಿಳಿಯಿತು. 1978ರ ಜನವರಿಯಲ್ಲಿ ಡನ್‌ಸ್ಟನ್ ಅವರನ್ನು ವಜಾ ಮಾಡಿದರು. ಸಾಲಿಸ್‌ಬರಿ ವಾದ ಏನೆಂದರೆ, ಪೊಲೀಸ್ ಮುಖ್ಯಸ್ಥ ಉತ್ತರ ಹೇಳಬೇಕಾದದ್ದು ಕಾನೂನಿಗೆ ಮತ್ತು ರಾಣಿಗೆ, ರಾಜಕಾರಣಿಗಳಿಗಲ್ಲ. ಸರ್ಕಾರದ ವಾದ: ಚುನಾಯಿತ ಸರ್ಕಾರಕ್ಕೆ ಸುಳ್ಳು ಹೇಳಿದರೆ ಪೊಲೀಸರನ್ನು ಕೇಳುವವರೇ ಇರುವುದಿಲ್ಲ. ಕಮಿಷನರ್ ಪರವಾಗಿ ದೊಡ್ಡ ಸಭೆಗಳಾದವು. ರಾಯಲ್ ಕಮಿಷನ್, ಅಂದರೆ ಉನ್ನತ ವಿಚಾರಣಾ ಆಯೋಗ ಕೂತಿತು. ವಜಾ ಮಾಡಿದ್ದು ಸರಿ ಎಂದು ಅದು ಹೇಳಿತು. ಆಯೋಗ ನಡೆಸಿದವರು 1965ರಲ್ಲಿ ನ್ಯಾಯಾಧೀಶರಾದ ಅದೇ ರೋಮಾ ಮಿಚೆಲ್. ಅಷ್ಟಾದರೂ ಸರ್ಕಾರದ ಮೇಲಿನ ಕಲೆ ಪೂರ್ತಿ ಹೋಗಲಿಲ್ಲ.

ಪೈಜಾಮದಲ್ಲೇ ರಾಜೀನಾಮೆ

ಡನ್‌ಸ್ಟನ್ ಅವರ ಮೊದಲ ಮದುವೆ ಮುರಿದಿತ್ತು. 1976ರಲ್ಲಿ ಮಲೇಷ್ಯಾದ ಪೆನಾಂಗ್ ಮೂಲದ ಪತ್ರಕರ್ತೆ ಅಡೆಲ್ ಕೋ ಅವರನ್ನು ಮದುವೆಯಾದರು. ಎರಡು ವರ್ಷ ತುಂಬುವ ಮೊದಲೇ, 1978ರ ಅಕ್ಟೋಬರ್‌ನಲ್ಲಿ, ಆಕೆ ಕ್ಯಾನ್ಸರ್‌ನಿಂದ ತೀರಿಕೊಂಡರು. ಡನ್‌ಸ್ಟನ್ ಕುಸಿದರು. ಕೆಲಸ ಮಾತ್ರ ನಿಲ್ಲಿಸಲಿಲ್ಲ. ಕೆಲವೇ ತಿಂಗಳಲ್ಲಿ ದೇಹವೂ ಕೈಕೊಟ್ಟಿತು.

1979ರ ಫೆಬ್ರುವರಿ 15. ಆಸ್ಪತ್ರೆಯಲ್ಲೇ ಪತ್ರಕರ್ತರನ್ನು ಕರೆಸಿ, ಪೈಜಾಮದ ಮೇಲೆ ಡ್ರೆಸ್ಸಿಂಗ್ ಗೌನ್ ಹಾಕಿಕೊಂಡು ಕೂತು ರಾಜೀನಾಮೆ ಹೇಳಿದರು. ವಯಸ್ಸು 52. ಅವರ ಜಾಗಕ್ಕೆ ಬಂದ ಡೆಸ್ ಕೋರ್ಕರನ್ ಅದೇ ಸೆಪ್ಟೆಂಬರ್‌ನಲ್ಲಿ ಚುನಾವಣೆ ಸೋತರು.

ಆಮೇಲಿನ ಇಪ್ಪತ್ತು ವರ್ಷ

ನಮ್ಮಲ್ಲಿ ಮಾಜಿ ಮುಖ್ಯಮಂತ್ರಿ ಅಂದರೆ ಇನ್ನೊಂದು ಚುನಾವಣೆ, ಮಗನಿಗೊಂದು ಟಿಕೆಟ್, ಇಲ್ಲವೇ ರಾಜಭವನ. ಡನ್‌ಸ್ಟನ್ ದಾರಿ ಬೇರೆ. ಮೊದಲು ಯುರೋಪಿಗೆ ಹೋದರು. ಇಟಲಿಯ ಪೆರುಜಾದಲ್ಲಿ ಸ್ವಲ್ಪ ಕಾಲ ಇದ್ದರು. ನೆನಪುಗಳನ್ನು ಬರೆದರು. ಮತ್ತೆ ಚುನಾವಣೆಗೆ ನಿಲ್ಲಲಿಲ್ಲ.

1982ರಲ್ಲಿ ಪಕ್ಕದ ವಿಕ್ಟೋರಿಯಾ ರಾಜ್ಯದ ಪ್ರವಾಸೋದ್ಯಮ ನಿರ್ದೇಶಕರಾದರು. ಒಂದು ರಾಜ್ಯದ ಮುಖ್ಯಮಂತ್ರಿಯಾಗಿದ್ದವರು ಇನ್ನೊಂದು ರಾಜ್ಯದಲ್ಲಿ ಮಂತ್ರಿಯ ಕೈಕೆಳಗೆ ಅಧಿಕಾರಿ! ಅಡಿಲೇಡ್‌ನ ಕೆಲವರಿಗೆ ಇದು ದ್ರೋಹದಂತೆ ಕಂಡಿತು. ನಮ್ಮ ಊರಿಗೆ ಬರುವ ಪ್ರವಾಸಿಗರನ್ನು ಎದುರಾಳಿ ಊರಿಗೆ ಕರೆಯುತ್ತಿದ್ದಾರೆ ಎಂದು ಗೊಣಗಿದರು. 1986ರಲ್ಲಿ ಒಂದು ಪುಸ್ತಕ ಬಿಡುಗಡೆಯಲ್ಲಿ, ಕ್ರೈಸ್ತ ಸನ್ಯಾಸಿನಿಯ ವೇಷ ಹಾಕಿದ್ದ ಸಲಿಂಗಿ ಹೋರಾಟಗಾರರ ಜೊತೆ ಅವರ ಫೋಟೊ ಬಂತು. ಗದ್ದಲವಾಯಿತು. ಹುದ್ದೆ ಬಿಟ್ಟು ಅಡಿಲೇಡ್‌ಗೆ ಮರಳಿದರು.

ಮುಂದಿನ ವರ್ಷ ಹುಟ್ಟೂರಿನ ನಂಟು ಎಳೆಯಿತು. 1987ರ ಮೇ ತಿಂಗಳಲ್ಲಿ ಫಿಜಿಯಲ್ಲಿ ಸೈನ್ಯ ದಂಗೆ ಎದ್ದು, ಹೊಸದಾಗಿ ಆಯ್ಕೆಯಾಗಿದ್ದ ತಿಮೋಚಿ ಬವಾಂದ್ರ ಸರ್ಕಾರವನ್ನು ಕಿತ್ತೆಸೆಯಿತು. ಆ ಸರ್ಕಾರಕ್ಕೆ ಭಾರತೀಯ ಮೂಲದವರ ದೊಡ್ಡ ಬೆಂಬಲವಿತ್ತು, ದಂಗೆಗೆ ಕೊಟ್ಟ ಕಾರಣವೂ ಅದೇ. ದಂಗೆಯ ನಂತರ ಸಾವಿರಾರು ಭಾರತೀಯ ಕುಟುಂಬಗಳು ಫಿಜಿ ಬಿಟ್ಟವು. ಫಿಜಿಯಲ್ಲಿ ಪ್ರಜಾಪ್ರಭುತ್ವ ಮರಳಬೇಕು ಎಂದು ಆಸ್ಟ್ರೇಲಿಯಾದಲ್ಲಿ ಹುಟ್ಟಿಕೊಂಡ ಚಳವಳಿಗೆ ಡನ್‌ಸ್ಟನ್ ಅಧ್ಯಕ್ಷರಾದರು. ಹಸಿವಿನ ವಿರುದ್ಧ ಕೆಲಸ ಮಾಡುವ ಸಂಸ್ಥೆಗಳಲ್ಲೂ ಇದ್ದರು.

ಅಡುಗೆ ಅವರಿಗೆ ಬರೀ ಹವ್ಯಾಸ ಆಗಿರಲಿಲ್ಲ. ಪ್ರೀಮಿಯರ್ ಆಗಿದ್ದಾಗಲೇ, 1976ರಲ್ಲಿ, ಅಡುಗೆ ಪುಸ್ತಕ ಬರೆದಿದ್ದರು. ಮಾಂಸ, ಆಲೂಗಡ್ಡೆ ಬೇಯಿಸಿ ತಿನ್ನುವುದೇ ಊಟ ಎಂದುಕೊಂಡಿದ್ದ ಊರಿಗೆ ಏಷ್ಯಾದ ಮಸಾಲೆ ರುಚಿ ಹೇಳಿಕೊಟ್ಟವರು. 1994ರಲ್ಲಿ ಸಂಗಾತಿ ಸ್ಟೀವನ್ ಚೆಂಗ್ ಜೊತೆ ಸೇರಿ ನಾರ್ವುಡ್‌ನಲ್ಲಿ 'ಡಾನ್ಸ್ ಟೇಬಲ್' ಎನ್ನುವ ಹೋಟೆಲ್ ತೆರೆದರು. ನಾಲ್ಕು ದಶಕದ ಹಿಂದೆ ಮನೆಮನೆಗೆ ಹೋಗಿ ವೋಟು ಕೇಳಿದ ಅದೇ ಊರು.

ಅಷ್ಟರಲ್ಲಿ ಅವರಿಗೂ ಕ್ಯಾನ್ಸರ್ ಬಂದಿತ್ತು. 1998ರಲ್ಲಿ, ಕಾಯಿಲೆಯ ನಡುವೆಯೇ, ಅಡಿಲೇಡ್‌ನಲ್ಲಿ ಸಾವಿರಾರು ಜನರ ಮುಂದೆ ಉಪನ್ಯಾಸ ಕೊಟ್ಟರು. ಎಲ್ಲವನ್ನೂ ಮಾರುಕಟ್ಟೆಗೆ ಬಿಟ್ಟು ಸರ್ಕಾರ ಕೈಕಟ್ಟಿ ಕೂತರೆ ಮುಳುಗುತ್ತೇವೆ ಎನ್ನುವುದು ಅದರ ತಿರುಳು. 1999ರ ಫೆಬ್ರುವರಿ 6ರಂದು ತೀರಿಕೊಂಡರು. ತಮ್ಮ ಕಾಲದಲ್ಲೇ ಎದ್ದು ನಿಂತ ಫೆಸ್ಟಿವಲ್ ಸೆಂಟರ್‌ನಲ್ಲಿ ಜನ ಅವರಿಗೆ ವಿದಾಯ ಹೇಳಿದರು. ಅಲ್ಲಿನ ನಾಟಕ ಮಂದಿರಕ್ಕೆ ಈಗ ಅವರ ಹೆಸರಿದೆ.

ಅವರು ಗೆದ್ದ ನಾರ್ವುಡ್ ಕ್ಷೇತ್ರಕ್ಕೂ 2014ರಲ್ಲಿ 'ಡನ್‌ಸ್ಟನ್' ಎಂದು ಹೆಸರಿಟ್ಟರು. ಹೆಸರಿಟ್ಟ ಮೇಲಿನ ಮೊದಲ ಎರಡು ಚುನಾವಣೆಗಳಲ್ಲಿ ಅಲ್ಲಿ ಗೆದ್ದವರು ಲಿಬರಲ್ ಪಕ್ಷದ ಸ್ಟೀವನ್ ಮಾರ್ಷಲ್. 2018ರಲ್ಲಿ ಅವರು ರಾಜ್ಯದ ಪ್ರೀಮಿಯರ್ ಕೂಡ ಆದರು. 2022ರಲ್ಲಿ ಸರ್ಕಾರ ಹೋದರೂ ಈ ಸೀಟನ್ನು ಕೂದಲೆಳೆಯಲ್ಲಿ ಉಳಿಸಿಕೊಂಡರು. ಡನ್‌ಸ್ಟನ್ ಹೆಸರಿನ ಕ್ಷೇತ್ರ ಡನ್‌ಸ್ಟನ್ ಪಕ್ಷದ ಕೈಗೆ ಬಂದದ್ದು 2024ರ ಮಾರ್ಚ್‌ನಲ್ಲಿ, ಮಾರ್ಷಲ್ ರಾಜೀನಾಮೆಯ ನಂತರ ನಡೆದ ಉಪಚುನಾವಣೆಯಲ್ಲಿ.